ಅಮೆರಿಕದಾಗ ಹುಟ್ಟಿದ ಮಗಳ ಪಾಸ್‌ಪೋರ್ಟ್ ಹುಬ್ಬಳ್ಳಿಯಿಂದ ಹೊಸದು ಮಾಡಿಸೂದು ಹೆಂಗ?

ಕೇಶ್ವಾಪುರದ ತಾಯಿ:

ಎಲ್ಲಾರಿಗೂ ನಮಸ್ಕಾರ. ಮಗಳು 9 ವರ್ಷದಾಕಿ, ಹುಟ್ಟಿದ್ದು ಟೆಕ್ಸಸ್‌ನಾಗ. ಅಮೆರಿಕದ ಪಾಸ್‌ಪೋರ್ಟ್ ಅದ, ಓಸಿಐ ಕಾರ್ಡ್ (ವಿದೇಶಿ ಪೌರತ್ವ ಇರೋ ಭಾರತೀಯ ಮೂಲದವರಿಗೆ ಭಾರತ ಸರ್ಕಾರ ಕೊಡೋದು) ಅದ. ನಾನೂ ಅಕಿನೂ ಹುಬ್ಬಳ್ಳಿಯೊಳಗ ಇದ್ದೀವಿ. ಅವರಪ್ಪ ಅಲ್ಲೇ ಕೆಲಸದ ಮ್ಯಾಲ ಇದ್ದಾರ, ಇನ್ನ ಒಂದು ವರ್ಷ ಬರೂ ಹಂಗಿಲ್ಲ. ನಾವು ಗಂಡ-ಹೆಂಡತಿ ಇಬ್ಬರದೂ ಭಾರತದ ಪಾಸ್‌ಪೋರ್ಟ್. ಅಕಿ ಪಾಸ್‌ಪೋರ್ಟ್ ಇನ್ನ ಏಳು ತಿಂಗಳಿಗೆ ಮುಗೀತದ.

ನನಗ ಗೊತ್ತಾಗಬೇಕಾದದ್ದು ಇಷ್ಟು: ಇದನ್ನ ಹುಬ್ಬಳ್ಳಿ ಪಾಸ್‌ಪೋರ್ಟ್ ಆಫೀಸಿನಾಗ ಮಾಡ್ತಾರೋ, ಚೆನ್ನೈಗೇ ಹೋಗಬೇಕೋ? ಆನ್‌ಲೈನ್ ನವೀಕರಣ ಶುರು ಆಗೇದ ಅಂತ ಕೇಳೀನಿ, ಅದು ಮಕ್ಕಳಿಗೂ ನಡೀತದೇನು? ಅಪ್ಪ ಇಲ್ಲದ ನಾನೊಬ್ಬಾಕಿನೇ ಕರ್ಕೊಂಡು ಹೋದರ ಅರ್ಜಿ ತಗೋತಾರೇನು? ಆಮ್ಯಾಲ ಓಸಿಐ ಕಾರ್ಡಿಗೆ ಏನು ಮಾಡಬೇಕು?

ಮಾಳಮಡ್ಡಿ ಕಾಗದಪತ್ರ:

ಅಕ್ಕಾರ, ಮೊದಲು ಒಂದು ಮಾತು ತಲಿಯಾಗ ಇಟ್ಕೋರಿ. 16 ವರ್ಷದ ಒಳಗಿನ ಮಕ್ಕಳಿಗೆ ಅಮೆರಿಕದವರ ಕಡೆ ‘ನವೀಕರಣ’ ಅನ್ನೂದು ಇಲ್ಲ. ಐದು ವರ್ಷಕ್ಕೊಮ್ಮೆ ಹೊಸಾ ಅರ್ಜಿನೇ ಹಾಕಬೇಕು, ಕೂಸು ಮೊದಲನೇ ಸಲ ಪಾಸ್‌ಪೋರ್ಟ್ ಮಾಡಿಸಿದಾಗ ತೋರಿಸಿದ ಕಾಗದ ಎಲ್ಲಾ ಮತ್ತ ತೋರಿಸಬೇಕು. ಫಾರ್ಮ್ ಹೆಸರು ಡಿಎಸ್-11. ದೊಡ್ಡವರು ನವೀಕರಣಕ್ಕ ಹಾಕೂದು ಡಿಎಸ್-82, ಅದನ್ನ ತುಂಬಿಕೊಂಡು ಹೋದರ ಕೌಂಟರಿನಾಗ ವಾಪಸ್ ಕೊಡ್ತಾರ. ಆನ್‌ಲೈನ್ ನವೀಕರಣ 25 ವರ್ಷ ತುಂಬಿ ಅಮೆರಿಕದಾಗೇ ಇರುವವರಿಗೆ ಅಷ್ಟ.

ಹುಬ್ಬಳ್ಳಿ ಪಾಸ್‌ಪೋರ್ಟ್ ಸೇವಾ ಕೇಂದ್ರದಾಗ ಭಾರತದ ಪಾಸ್‌ಪೋರ್ಟ್ ಕೆಲಸ ಮಾತ್ರ. ಕರ್ನಾಟಕ ಬರೂದು ಚೆನ್ನೈಯ ಅಮೆರಿಕನ್ ಕಾನ್ಸುಲೇಟ್ ವ್ಯಾಪ್ತಿಗೆ. ಅದು ಅಣ್ಣಾ ಸಾಲೈ ರಸ್ತೆಯ ಜೆಮಿನಿ ಸರ್ಕಲ್ ಹತ್ರ ಅದ. ಅಲ್ಲಿ ‘ಅಮೆರಿಕನ್ ನಾಗರಿಕರ ಸೇವೆ’ ವಿಭಾಗದ ಅಪಾಯಿಂಟ್‌ಮೆಂಟ್ ತಗೋಬೇಕು. ವೀಸಾ ಅಪಾಯಿಂಟ್‌ಮೆಂಟ್ ಬ್ಯಾರೆ ಸಾಲು, ಅಪ್ಪಿತಪ್ಪಿ ಅದಕ್ಕ ದುಡ್ಡು ಕಟ್ಟಬ್ಯಾಡ್ರಿ. ಮಗು ಖುದ್ದಾಗಿ ಬರಲೇಬೇಕು.

ಫಾರ್ಮನ್ನ ಅಮೆರಿಕದ ವಿದೇಶಾಂಗ ಇಲಾಖೆ ಜಾಲತಾಣದಾಗ ತುಂಬಿ ಪ್ರಿಂಟ್ ತಗೋರಿ, ಒಂದೇ ಮಗ್ಗಲಿಗೆ. ಝರಾಕ್ಸ್ ಅಂಗಡಿಯವರು ಕಾಗದ ಉಳಿಸಲಿಕ್ಕೆ ಎರಡೂ ಮಗ್ಗಲಿಗೆ ಹೊಡೀತಾರ, ಮೊದಲೇ ಹೇಳ್ರಿ. ಸಹಿ ಮಾತ್ರ ಮನ್ಯಾಗ ಮಾಡಬ್ಯಾಡ್ರಿ. ಅಧಿಕಾರಿ ಮುಂದ ಪ್ರಮಾಣ ಮಾಡಿದ ಮ್ಯಾಲ, ಮಗುವಿನ ಪರವಾಗಿ ನೀವು ಸಹಿ ಹಾಕೂದು. ಮೊದಲೇ ಹಾಕಿದ್ದರ ಅಲ್ಲೇ ಹೊಸಾ ಫಾರ್ಮ್ ಬರೀಬೇಕಾಗ್ತದ.

ತುಂಬುವಾಗ ಎರಡು ಕಡೆ ಮಂದಿ ತಪ್ಪತಾರ. ತಂದಿ-ತಾಯಿ ಹೆಸರಿನ ಜಾಗಾದಾಗ ಕೇಳೂದು ಅವರು ಹುಟ್ಟಿದಾಗಿನ ಅಡ್ಡಹೆಸರು. ಅಂದ್ರ ನಿಮ್ಮ ತವರಮನಿ ಅಡ್ಡಹೆಸರು ಬರೀಬೇಕು, ಗಂಡನ ಮನಿದಲ್ಲ. ಈಗಿನ ಪಾಸ್‌ಪೋರ್ಟಿನಾಗ ಬ್ಯಾರೆ ಅಡ್ಡಹೆಸರಿದ್ದರ ಮದುವಿ ನೋಂದಣಿ ಪತ್ರ ಜೋಡಿ ಒಯ್ಯಿರಿ, ಕನ್ನಡದಾಗ ಇದ್ದರ ಇಂಗ್ಲಿಷ್ ಅನುವಾದ ಮಾಡಿಸ್ರಿ. ಎರಡನೇದು ಸೋಶಿಯಲ್ ಸೆಕ್ಯುರಿಟಿ ಸಂಖ್ಯೆ, ಅಂದ್ರ ಅಮೆರಿಕ ಸರ್ಕಾರ ಒಬ್ಬೊಬ್ಬರಿಗೂ ಕೊಡೋ ಗುರುತಿನ ಸಂಖ್ಯೆ. ಇದ್ದೂ ಬರೀದಿದ್ದರ ಅಮೆರಿಕದ ತೆರಿಗೆ ಇಲಾಖೆ 500 ಡಾಲರ್ ದಂಡ ಹಾಕಬಹುದು. ಇಲ್ಲವೇ ಇಲ್ಲ ಅಂದ್ರ ಸೊನ್ನೆ ತುಂಬಿ, ಈ ಮಗುವಿಗೆ ಎಂದೂ ಆ ಸಂಖ್ಯೆ ಕೊಟ್ಟಿಲ್ಲ ಅಂತ ಸಹಿ ಮಾಡಿದ ಹೇಳಿಕೆ ಕೊಡ್ರಿ.

ಜೋಡಿ ಒಯ್ಯೂದು: ಈಗಿನ ಪಾಸ್‌ಪೋರ್ಟ್, ಟೆಕ್ಸಸ್ ಸರ್ಕಾರ ಕೊಟ್ಟ ಜನನ ಪ್ರಮಾಣಪತ್ರದ ಮೂಲ, ನಿಮ್ಮ ಪಾಸ್‌ಪೋರ್ಟ್, ಎಲ್ಲಾದರ ಒಂದೊಂದು ಝರಾಕ್ಸ್, ಒಂದು ಫೋಟೊ. ಜನನ ಪತ್ರದಾಗ ತಂದಿ-ತಾಯಿ ಇಬ್ಬರ ಹೆಸರೂ ಇರಬೇಕು. ಆಸ್ಪತ್ರಿಯವರು ಕೂಸಿನ ಪಾದದ ಗುರುತು ಒತ್ತಿ ನೆನಪಿಗೆ ಕೊಡೋ ಚಂದದ ಹಾಳಿ ನಡೆಯೂದಿಲ್ಲ. ಮೂಲ ಪತ್ರ ಕಳದಿದ್ದರ ಇವತ್ತೇ ಆ ರಾಜ್ಯದ ಜನನ-ಮರಣ ದಾಖಲೆ ಕಚೇರಿಯಿಂದ ತರಿಸೂದಕ್ಕ ಯಜಮಾನರಿಗೆ ಹೇಳ್ರಿ. ಹಳೇ ಫೋಟೊದಾಗಿನ ನಾಲ್ಕೈದು ವರ್ಷದ ಕೂಸಿನ ಮುಖಕ್ಕೂ ಒಂಬತ್ತು ವರ್ಷದ ಹುಡುಗಿ ಮುಖಕ್ಕೂ ಭಾಳ ಫರಕು ಇರ್ತದ. ಅದಕ್ಕ ವರ್ಷಕ್ಕೊಂದರಂತೆ ತಂದಿ-ತಾಯಿ ಜೋಡಿ ಇರೋ ಮನಿ ಫೋಟೊ ಪ್ರಿಂಟ್ ಹಾಕ್ಸಿ ಇಟ್ಕೊಂಡಿದ್ದರ ಛಲೋ.

ಶುಲ್ಕ 135 ಡಾಲರ್, 100 ಅರ್ಜಿಗೆ, 35 ಸ್ವೀಕಾರಕ್ಕ. ಪುಸ್ತಕ ಅಮೆರಿಕದಾಗ ಅಚ್ಚಾಗಿ ಬರ್ತದ, ಅದಕ್ಕ ವಾರಗಟ್ಟಲೆ ಕಾಯಬೇಕು. ಏಳು ತಿಂಗಳು ಮೊದಲೇ ಕೇಳಿದ್ದು ಭಾಳ ಛಲೋ ಆತು. ಆ ನಡುವ ಹೊರದೇಶದ ಟಿಕೆಟ್ ತಗೀಬ್ಯಾಡ್ರಿ.

ಸಾಧನಕೇರಿ:

ಮೇಲಿನವರು ಹೇಳಿದ್ದೆಲ್ಲ ಸರಿ. ಆದರೆ ನಿಮ್ಮ ಪ್ರಕರಣದಲ್ಲಿ ಅರ್ಜಿ ನಿಲ್ಲುವುದಾದರೆ ಅಪ್ಪನ ಒಪ್ಪಿಗೆ ಪತ್ರದಲ್ಲೇ ನಿಲ್ಲುತ್ತದೆ, ಅದಕ್ಕೇ ಬಿಡಿಸಿ ಬರೆಯುತ್ತೇನೆ.

16 ವರ್ಷದ ಒಳಗಿನ ಮಗುವಿಗೆ ಇಬ್ಬರು ಪೋಷಕರ ಒಪ್ಪಿಗೆಯೂ ಬೇಕು. ಮಗುವನ್ನು ಒಬ್ಬರು ಇನ್ನೊಬ್ಬರಿಗೆ ತಿಳಿಯದಂತೆ ದೇಶ ದಾಟಿಸಬಾರದು ಎಂಬುದು ಇದರ ಕಾರಣ. ಹಾಗಾಗಿ ಅಧಿಕಾರಿಗಳು ಇಲ್ಲಿ ಸಡಿಲ ಬಿಡುವುದಿಲ್ಲ, ಬಿಡಲೂಬಾರದು. ಬರಲಾಗದ ಪೋಷಕರು ಡಿಎಸ್-3053 ಫಾರ್ಮ್ ತುಂಬಿ ನೋಟರಿ ಮುಂದೆ ಸಹಿ ಮಾಡಬೇಕು. ಅಪ್ಪ ಅಮೆರಿಕದಲ್ಲೇ ಇರುವುದರಿಂದ ಸುಲಭ: ಅಲ್ಲಿ ಬ್ಯಾಂಕಿನಲ್ಲೋ ಕೊರಿಯರ್ ಅಂಗಡಿಯಲ್ಲೋ ನೋಟರಿ ಸಿಗುತ್ತಾರೆ.

ತಪ್ಪುವುದು ಎಲ್ಲೆಂದರೆ, ಮನೆಯಲ್ಲೇ ಸಹಿ ಹಾಕಿಕೊಂಡು ಹೋಗಿ ಮೊಹರು ಒತ್ತಿಸಿಕೊಳ್ಳುವುದು ಒಂದು. ಸಹಿ ಮತ್ತು ನೋಟರಿ ದಿನಾಂಕ ಒಂದೇ ಇರಬೇಕು. ಇನ್ನೊಂದು ಗುರುತಿನ ಚೀಟಿ. ನೋಟರಿಗೆ ಯಾವ ಚೀಟಿ ತೋರಿಸಿದರೋ ಅದರದ್ದೇ ಎರಡೂ ಬದಿಯ ಝರಾಕ್ಸ್ ಫಾರ್ಮಿನ ಜೊತೆ ಇರಬೇಕು. ಫಾರ್ಮಿನಲ್ಲಿ ಡ್ರೈವಿಂಗ್ ಲೈಸೆನ್ಸ್ ಸಂಖ್ಯೆ ಬರೆದು ಪಾಸ್‌ಪೋರ್ಟ್ ಝರಾಕ್ಸ್ ಇಟ್ಟರೆ ಆ ಪತ್ರ ನಿಲ್ಲದು. ಲೈಸೆನ್ಸಿನ ಹಿಂಬದಿಯನ್ನು ಮರೆಯುವವರೇ ಹೆಚ್ಚು.

ಎಲ್ಲಕ್ಕಿಂತ ಮುಖ್ಯವಾದದ್ದು ಆಯುಷ್ಯ. ಈ ಒಪ್ಪಿಗೆ ನೋಟರಿಯಾದ ದಿನದಿಂದ 90 ದಿನ ಮಾತ್ರ ಊರ್ಜಿತ. ಉತ್ಸಾಹದಲ್ಲಿ ಮೊದಲೇ ಮಾಡಿಸಿಟ್ಟುಕೊಂಡು, ಅಪಾಯಿಂಟ್‌ಮೆಂಟ್ ಮುಂದಕ್ಕೆ ಹೋದರೆ ಎಲ್ಲ ಹೊಸದಾಗಿ ಮಾಡಿಸಬೇಕು. ಆದ್ದರಿಂದ ಮೊದಲು ಚೆನ್ನೈ ದಿನಾಂಕ ಹಿಡಿಯಿರಿ, ಆ ದಿನಕ್ಕೆ ಸುಮಾರು ಐದು ವಾರ ಇರುವಾಗ ನೋಟರಿ ಮಾಡಿಸಲು ಹೇಳಿ. ಕೊರಿಯರ್ ತಡವಾದರೂ ಸಮಯ ಉಳಿಯುತ್ತದೆ. ಕಳಿಸುವ ಮೊದಲು ಅವರು ಫೋಟೊ ತೆಗೆದು ನಿಮಗೆ ತೋರಿಸಲಿ. ಮಗುವಿನ ಹೆಸರು ಪಾಸ್‌ಪೋರ್ಟಿನಲ್ಲಿ ಇದ್ದ ಹಾಗೇ ಅಕ್ಷರಕ್ಕೆ ಅಕ್ಷರ ಇದೆಯೇ, ನೋಟರಿಯ ಮೊಹರು ಸ್ಪಷ್ಟವಾಗಿದೆಯೇ ನೋಡಿಕೊಳ್ಳಿ. ಮೊಹರು ಮಸುಕಾಗಿದ್ದರೆ ಇನ್ನೊಂದು ಪ್ರತಿ ಅಲ್ಲೇ ಮಾಡಿಸುವುದು ಅಗ್ಗ. ನಿಮ್ಮ ಕೈಗೆ ಮೂಲ ಪ್ರತಿಯೇ ಬರಲಿ, ಮೊಬೈಲಿಗೆ ಬಂದದ್ದರ ಪ್ರಿಂಟ್ ನಂಬಿ ಚೆನ್ನೈ ರೈಲು ಹತ್ತಬೇಡಿ.

ಇದನ್ನು ಓದುವ ಬೇರೆಯವರಿಗಾಗಿ: ಪೋಷಕರಲ್ಲಿ ಒಬ್ಬರು ತೀರಿಕೊಂಡಿದ್ದರೆ ಮರಣ ಪ್ರಮಾಣಪತ್ರ, ಮಗುವಿನ ಹೊಣೆ ಒಬ್ಬರಿಗೇ ಇದ್ದರೆ ನ್ಯಾಯಾಲಯದ ಆದೇಶ ಸಾಕು. ಇನ್ನೊಬ್ಬರು ಎಲ್ಲಿದ್ದಾರೆಂದೇ ಗೊತ್ತಿಲ್ಲದಿದ್ದರೆ ಡಿಎಸ್-5525 ಎಂಬ ಬೇರೆ ಫಾರ್ಮ್ ಇದೆ. ಅದರಲ್ಲಿ ಹುಡುಕಿದ ಪ್ರಯತ್ನವನ್ನೆಲ್ಲ ವಿವರವಾಗಿ ಬರೆಯಬೇಕು. ಎರಡು ಸಾಲು ಬರೆದುಕೊಟ್ಟರೆ ಒಪ್ಪುವುದಿಲ್ಲ.

ಹಾವೇರಿ ಸ್ಟುಡಿಯೊ:

ಫೋಟೊ ಬಗ್ಗೆ ನಾನು ಹೇಳ್ತೀನ್ರಿ, ಯಾಕಂದ್ರ ನಮ್ಮ ಕಡೆ ಸ್ಟುಡಿಯೊದಾಗ ‘ಪಾಸ್‌ಪೋರ್ಟ್ ಸೈಜ್’ ಅಂದ್ರ 35 ಬೈ 45 ಮಿಲಿಮೀಟರ್ ತೆಗದು ಎಂಟು ಪ್ರತಿ ಕೈಯಾಗ ಇಡ್ತಾರ. ಅಮೆರಿಕಕ್ಕ ಬೇಕಾದ್ದು 2 ಬೈ 2 ಇಂಚು, ಚೌಕ. ಗದ್ದದಿಂದ ನೆತ್ತಿ ತನಕ 25ರಿಂದ 35 ಮಿಲಿಮೀಟರ್ ಒಳಗ ಇರಬೇಕು. ಹಿಂದಿನ ಪರದಾ ಬಿಳೇದು, ನೆರಳು ಬೀಳಬಾರದು. ಬಿಳಿ ಅಂಗಿ ಹಾಕಿಸಿದರ ಹೆಗಲು ಪರದಾದಾಗ ಕಲತು ಹೋಗ್ತೈತಿ. ಚಸ್ಮಾ ತೆಗಸ್ರಿ. ಸಾಲಿ ಬಿಟ್ಟ ಕೂಡಲೇ ಹಂಗೇ ಕರ್ಕೊಂಡು ಹೋಗಬ್ಯಾಡ್ರಿ, ಯೂನಿಫಾರ್ಮ್ ಹಾಕಿದ ಫೋಟೊ ಅವರು ತಗೊಳ್ಳಂಗಿಲ್ಲ. ಮುಖ್ಯ ಏನಪಾ ಅಂದ್ರ ಮುಖ ಬೆಳ್ಳಗ ಮಾಡೂದು, ಕಲಿ ತಿದ್ದೂದು ಬ್ಯಾಡ ಅಂತ ಮೊದಲೇ ಹೇಳ್ರಿ. ನಮ್ಮ ಹುಡುಗೂರು ಕೇಳದನ ಮಾಡಿಬಿಡ್ತಾರ, ತಿದ್ದಿದ ಫೋಟೊ ತಿರಸ್ಕಾರ ಆಗ್ತೈತಿ. ಆರು ತಿಂಗಳ ಒಳಗ ತೆಗದದ್ದು ಇರಬೇಕು. ಫಾರ್ಮಿಗೆ ಅಂಟಿಸಬ್ಯಾಡ್ರಿ, ಬಿಡಿಯಾಗಿ ಒಯ್ಯಿರಿ.

ಕೆನಡಾ ಪಾಸ್‌ಪೋರ್ಟಿನ ಮಕ್ಕಳಿಗೆ ಈ ಅಳತಿ ನಡೆಯಂಗಿಲ್ಲ. ಅವರದು 50 ಬೈ 70 ಮಿಲಿಮೀಟರ್, ಮುಖ 31ರಿಂದ 36. ಹಿಂದ ಸ್ಟುಡಿಯೊ ಹೆಸರು, ವಿಳಾಸ, ತೆಗದ ತಾರೀಖು ಬೇಕು, ಒಂದು ಪ್ರತಿ ಮ್ಯಾಲ ಗುರುತು ಖಾತ್ರಿ ಮಾಡೋ ಜಾಮೀನುದಾರರ ಸಹಿನೂ ಬೇಕು.

ಗದಗಿನ ಅಜ್ಜ:

ಇದೇ ವಿಷಯ ಅದ ಅಂತ ಇಲ್ಲೇ ಕೇಳ್ತೀನಿ. ಮೊಮ್ಮಗ ನಮ್ಮ ಹತ್ರ ಗದಗಿನ್ಯಾಗ ಓದಲಿಕ್ಕೆ ಇದ್ದಾನ, ಅಮೆರಿಕದ ಪಾಸ್‌ಪೋರ್ಟ್. ಮಗಾ-ಸೊಸಿ ಇಬ್ಬರೂ ಅಲ್ಲೇ. ಹುಡುಗನಿಗೆ 15 ವರ್ಷ 9 ತಿಂಗಳು. ನಾನು ಕರ್ಕೊಂಡು ಹೋಗಬಹುದೇನು?

ಸಾಧನಕೇರಿ:

ಅಜ್ಜಾರೆ, ಹೋಗಬಹುದು. ತಂದೆ-ತಾಯಿ ಇಬ್ಬರೂ, ನೀವು ಅರ್ಜಿ ಹಾಕಲು ಅನುಮತಿ ಇದೆ ಎಂದು ನಿಮ್ಮ ಹೆಸರು ಹಾಕಿ ನೋಟರಿ ಮಾಡಿಸಿದ ಪತ್ರ ಕೊಡಬೇಕು, ಇಬ್ಬರ ಗುರುತಿನ ಚೀಟಿಯ ಪ್ರತಿಯೂ ಬೇಕು. ಆದರೆ ಪಾಸ್‌ಪೋರ್ಟ್ ಅವಧಿ ಇನ್ನೂ ಇದ್ದು, ಸದ್ಯ ಪ್ರಯಾಣವೂ ಇಲ್ಲದಿದ್ದರೆ ಮೂರು ತಿಂಗಳು ತಡೆಯುವುದು ಮೇಲು. 16 ತುಂಬಿದ ಮೇಲೆ ಅರ್ಜಿ ಹಾಕಿದರೆ 10 ವರ್ಷದ ಪಾಸ್‌ಪೋರ್ಟ್ ಸಿಗುತ್ತದೆ, ಈಗ ಹಾಕಿದರೆ ಐದೇ ವರ್ಷ. ಇಬ್ಬರ ಒಪ್ಪಿಗೆಯ ಬದಲು ಪೋಷಕರಲ್ಲಿ ಒಬ್ಬರಿಗೆ ವಿಷಯ ಗೊತ್ತಿದೆ ಎಂದು ತೋರಿಸಿದರೆ ಸಾಕು. ಒಬ್ಬರ ಸಹಿ ಮಾಡಿದ ಪತ್ರ ಮತ್ತು ಗುರುತಿನ ಚೀಟಿಯ ಪ್ರತಿ ತರಿಸಿಕೊಳ್ಳಿ. ಫಾರ್ಮ್ ಆಗಲೂ ಡಿಎಸ್-11 ಆಗಿರುತ್ತದೆ, ಶುಲ್ಕ 165 ಡಾಲರ್.

ಉಣಕಲ್ ಕೆರಿ ದಂಡಿ:

ಓಸಿಐ ಬಗ್ಗೆ ಯಾರೂ ಇನ್ನ ಬರದಿಲ್ಲ. ಹೊಸಾ ಪಾಸ್‌ಪೋರ್ಟ್ ಬಂದ ಕೂಡಲೇ ಓಸಿಐ ಕಾರ್ಡ್ ಹೊಸದು ಮಾಡಿಸಬೇಕು ಅಂತ ಹೇಳಿ ಏಜೆಂಟರು ರೊಕ್ಕ ಕೇಳ್ತಾರ. ಅದು 2021ಕ್ಕಿಂತ ಹಿಂದಿನ ನಿಯಮ. ಈಗ 20 ವರ್ಷ ತುಂಬಿದ ಮ್ಯಾಲ ಬರೋ ಪಾಸ್‌ಪೋರ್ಟಿಗೆ ಒಂದೇ ಸಲ ಕಾರ್ಡ್ ಬದಲಿಸಿದರ ಸಾಕು. ಅಲ್ಲಿ ತನಕ ಪ್ರತಿ ಹೊಸಾ ಪಾಸ್‌ಪೋರ್ಟ್ ಬಂದಾಗ ಅದರ ಪ್ರತಿ ಮತ್ತ ಮಗುವಿನ ಈಗಿನ ಫೋಟೊ ಎರಡನ್ನ ಸರ್ಕಾರದ ಓಸಿಐ ಜಾಲತಾಣದಾಗ ಏರಿಸೂದು ಅಷ್ಟ. ಪಾಸ್‌ಪೋರ್ಟ್ ಕೈಗೆ ಬಂದ ಮೂರು ತಿಂಗಳ ಒಳಗ ಮಾಡಬೇಕು, ಶುಲ್ಕ ಇಲ್ಲ. ‘ಇತರ ಸೇವೆ’ ಅನ್ನೋ ಭಾಗದಾಗ ಅದು ಸಿಗ್ತದ. ಅದಕ್ಕ ಬೆಂಗಳೂರಿಗೆ ಅಡ್ಡಾಡೂದು ಬೇಕಾಗಿಲ್ಲ.

ಕಾರ್ಡಿನ ಮ್ಯಾಲ ಹಳೇ ಪಾಸ್‌ಪೋರ್ಟ್ ಸಂಖ್ಯೆನೇ ಉಳೀತದ. ಹಳೇ ಪುಸ್ತಕ ಜೋಡಿ ಒಯ್ಯಬೇಕು ಅನ್ನೋ ಕಡ್ಡಾಯ 2021ರಾಗೇ ತೆಗದಾರ. ಆದರೂ ರದ್ದು ಮಾಡಿ ವಾಪಸ್ ಕೊಟ್ಟ ಹಳೇ ಪುಸ್ತಕ ಚೀಲದಾಗ ಇರಲಿ, ವಿಮಾನ ಕಂಪನಿ ಕೌಂಟರಿನ ಹುಡುಗರಿಗೆ ತೋರಿಸಿದರ ಮಾತು ಬೆಳಿಯೂದಿಲ್ಲ. ಇನ್ನೊಂದು, ಓಸಿಐ ಇದ್ದರೂ ಅದು ಪ್ರಯಾಣದ ದಾಖಲೆ ಅಲ್ಲ. ಪಾಸ್‌ಪೋರ್ಟ್ ಮುಗದು ಹೋದರ ಬರೇ ಕಾರ್ಡ್ ತೋರಿಸಿ ದೇಶ ಬಿಡಲಿಕ್ಕೆ ಬರೂದಿಲ್ಲ. ತುರ್ತು ಇದ್ದರ ಕಾನ್ಸುಲೇಟಿನವರು ಕಡಿಮಿ ಅವಧಿಯ ತುರ್ತು ಪಾಸ್‌ಪೋರ್ಟ್ ಕೊಡ್ತಾರ, ಅದಕ್ಕ ಟಿಕೆಟ್ ಮತ್ತ ಕಾರಣ ತೋರಿಸಬೇಕು.

ಕೇಶ್ವಾಪುರದ ತಾಯಿ:

ಎಲ್ಲಾರಿಗೂ ಭಾಳ ಉಪಕಾರ ಆತು. ಅಪಾಯಿಂಟ್‌ಮೆಂಟ್ ಮುಂಜಾನೆ ಸಿಕ್ಕರ ಅದೇ ದಿನ ಮುಟ್ಟಲಿಕ್ಕೆ ಆಗ್ತದೇನು? ಒಳಗ ಏನೇನು ಬಿಡ್ತಾರ?

ಮಾಳಮಡ್ಡಿ ಕಾಗದಪತ್ರ:

ಅದೇ ದಿನ ಬ್ಯಾಡ್ರಿ ಅಕ್ಕಾರ. ರಾತ್ರಿ ರಾಣಿ ಚೆನ್ನಮ್ಮ ಹತ್ತಿದರ ಮುಂಜಾನೆ ಬೆಂಗಳೂರು, ಅಲ್ಲಿಂದ ಚೆನ್ನೈಗೆ ಹಗಲು ರೈಲು ಹಿಡೀರಿ, ಹಿಂದಿನ ದಿನಾನೇ ಮುಟ್ಟಿ ಉಳೀರಿ. ಲಾಡ್ಜಿನಾಗ ವಿದೇಶಿ ಪಾಸ್‌ಪೋರ್ಟಿನ ಮಗು ಅಂದ್ರ ಲಾಡ್ಜಿನವರು ವಿದೇಶಿಯರು ಉಳದ ವಿವರದ ಫಾರ್ಮ್ ತುಂಬಿ ಸರ್ಕಾರಕ್ಕ ಕಳಸಬೇಕಾಗ್ತದ, ಅದಕ್ಕ ಪಾಸ್‌ಪೋರ್ಟ್, ಓಸಿಐ ಎರಡರ ಝರಾಕ್ಸ್ ಕೈಯಾಗ ಇರಲಿ. ರೂಮ್ ಬುಕ್ ಮಾಡುವಾಗಲೇ ಹೇಳ್ರಿ. ಕೆಲವು ಸಣ್ಣ ಲಾಡ್ಜಿನವರಿಗೆ ಅದು ತುಂಬಲಿಕ್ಕೆ ಬರೂದಿಲ್ಲ, ರಾತ್ರಿ ಕೂಸಿನ ಜೋಡಿ ಬ್ಯಾರೆ ಕಡೆ ಹುಡುಕಬೇಕಾಗ್ತದ.

ಕಾನ್ಸುಲೇಟಿನ ಒಳಗ ಮೊಬೈಲ್, ಲ್ಯಾಪ್‌ಟಾಪ್, ದೊಡ್ಡ ಚೀಲ ಬಿಡೂದಿಲ್ಲ. ಲಾಡ್ಜಿನಾಗೇ ಇಟ್ಟು ಬರ್ರಿ. ಮೊಬೈಲ್ ಇಲ್ಲ ಅಂದ್ರ ಅಪಾಯಿಂಟ್‌ಮೆಂಟ್ ಹಾಳಿ, ಯಜಮಾನರ ನಂಬರ್, ಲಾಡ್ಜಿನ ವಿಳಾಸ ಎಲ್ಲಾ ಕಾಗದದ ಮ್ಯಾಲ ಇರಬೇಕು. ದುಡ್ಡು ಕಟ್ಟಲಿಕ್ಕೆ ಕಾರ್ಡೂ ಇರಲಿ, ನಗದೂ ಇರಲಿ. ಮೊಬೈಲಿನಿಂದ ಕಟ್ತೀನಿ ಅಂದ್ರ ಅಲ್ಲಿ ಮೊಬೈಲೇ ಇರೂದಿಲ್ಲ.