ಸಹಾಯ ಬೇಕು: ಹೆಲ್ಸಿಂಕಿ ಕಡೆ ಇರೋರು, ಫಿನ್ನಿಷ್ ಓದಬಲ್ಲವರು ಯಾರಾದ್ರೂ ಇದ್ದೀರಾ?

ನಮಸ್ಕಾರ. ಮೂಕಿ ಕಾಲದ ನಟಿಯರ ಬಗ್ಗೆ ಬರೀತಿದ್ದೀನಿ. ಫಿನ್ಲೆಂಡಿನ ಮೊದಲ ಕಥಾಚಿತ್ರ (1907, ಕಳ್ಳಭಟ್ಟಿ ಕಾಯಿಸೋರ ಕಥೆ!) ಪೂರ್ತಿ ಕಳೆದುಹೋಗಿದೆ. ಉಳಿದಿರೋದರಲ್ಲಿ ಹಳೆಯದು 1913ರ 'ಸಿಲ್ವಿ', ಅದೂ ಅರೆಬರೆ. ಫಿನ್ನಿಷ್ ಲೇಖಕಿ ಮಿನ್ನಾ ಕಾಂತ್ ನಾಟಕದ್ದೇ ಕಥೆ: ತನ್ನ ಗಾರ್ಡಿಯನ್ ಆಗಿದ್ದವನನ್ನೇ ಮದುವೆಯಾದ ಹುಡುಗಿ ಬಾಲ್ಯದ ಗೆಳೆಯನಿಗೆ ಮನಸೋತು ಗಂಡನಿಗೆ ವಿಷ ಹಾಕ್ತಾಳೆ. ಇಡೀ ಸಿನಿಮಾ ನಿಂತಿರೋದೇ ಆ ಪಾತ್ರದ ಮೇಲೆ. ಮಾಡಿದವರು ಐಲಿ ರೋಸ್ವಾಲ್.

ನನ್ನ ನೋಟ್‌ಬುಕ್ಕಲ್ಲಿ ನಿರ್ದೇಶಕ ಟೇವೊ ಪುರೊಗೆ ಮೂರು ಪುಟ, ಈಕೆಗೆ ಒಂದೇ ಸಾಲು. ಬೇಜಾರಾಗುತ್ತೆ.

ಫಿನ್ಲೆಂಡಿನ ರಾಷ್ಟ್ರೀಯ ಗ್ರಂಥಾಲಯ ಆ ಕಾಲದ ಪತ್ರಿಕೆಗಳನ್ನ ಆನ್‌ಲೈನಲ್ಲಿ ಉಚಿತವಾಗಿ ಇಟ್ಟಿದೆ. ಟ್ರಾನ್ಸ್‌ಲೇಟ್‌ಗೆ ಹಾಕಿದ್ರೆ ಬರೋದು ಬರೀ ಕಲಸುಮೇಲೋಗರ. ಈಕೆಯ ಹೆಸರಿರೋ ನಾಟಕ ವಿಮರ್ಶೆ ಒಂದೆರಡು ಓದಿ, ಸಾರಾಂಶ ಹೇಳಿದ್ರೂ ಸಾಕು. ದಯವಿಟ್ಟು ಮೆಸೇಜ್ ಮಾಡಿ.