ಪುಂಟಾ ಕಾನಾದಿಂದ ಸಾಂಟೊ ಡೊಮಿಂಗೊಗೆ ಒಂದು ದಿನದ ಗೈಡೆಡ್ ಟೂರ್: ಹೋಗಿ ಬಂದವರು ಹೇಳಿ

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ಡಿಸೆಂಬರ್ ರಜೆಗೆ ಡೊಮಿನಿಕನ್ ರಿಪಬ್ಲಿಕ್‌ನ ಪುಂಟಾ ಕಾನಾಗೆ ಹೊರಟಿದ್ದೇವೆ. ಮೈಸೂರಿನಿಂದ ಅಪ್ಪ ಅಮ್ಮ ಬಂದಿದ್ದಾರೆ, ಅವರೂ ಜೊತೆಗಿರುತ್ತಾರೆ. ಮಗನಿಗೆ ಸಮುದ್ರ ಇದ್ದರೆ ಬೇರೇನೂ ಬೇಡ. ಆದರೆ ಅಪ್ಪ ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಮಾಡಿದವರು, ಅಷ್ಟು ಹತ್ತಿರ ಹೋಗಿ ರಾಜಧಾನಿ ಸಾಂಟೊ ಡೊಮಿಂಗೊ ನೋಡದೆ ಬರುವುದು ಹೇಗೆ ಎನ್ನುತ್ತಿದ್ದಾರೆ. ಬೆಳಿಗ್ಗೆ ಬಸ್ಸಿನಲ್ಲಿ ಕರೆದುಕೊಂಡು ಹೋಗಿ ರಾತ್ರಿ ವಾಪಸ್ ಬಿಡುವ ಟೂರ್‌ಗಳು ಬಹಳ ಕಾಣಿಸುತ್ತಿವೆ. ಅಮ್ಮನಿಗೆ ಮಂಡಿ ನೋವು. ಇಬ್ಬರೂ ಮೊಟ್ಟೆ ಸಹ ತಿನ್ನುವುದಿಲ್ಲ. ಒಂದೇ ದಿನಕ್ಕೆ ಅಷ್ಟು ದೂರ ಹೋಗಿ ಬರುವುದು ಸರಿಯೇ? ಟೂರ್ ಆರಿಸುವಾಗ ಏನನ್ನು ವಿಚಾರಿಸಬೇಕು?

ನ್ಯೂಜೆರ್ಸಿಯಿಂದ

ಹೋಗಿ ಮೇಡಂ, ಖಂಡಿತ ಹೋಗಿ. ಒಂದೇ ಮಾತು: ಪಟ್ಟಿಯಲ್ಲಿ ಕಡಿಮೆ ಜಾಗ ಇರುವ ಟೂರನ್ನು ಆರಿಸಿ. ಯಾಕೆ ಅಂತ ಹೇಳುತ್ತೇನೆ.

ಪುಂಟಾ ಕಾನಾದಿಂದ ರಾಜಧಾನಿ ಸುಮಾರು 200 ಕಿ.ಮೀ. 2012ರಲ್ಲಿ ಕೋರಲ್ ಹೆದ್ದಾರಿ ತೆರೆದ ಮೇಲೆ ರಸ್ತೆ ತುಂಬ ಚೆನ್ನಾಗಿದೆ, ಎರಡೂವರೆ ಮೂರು ಗಂಟೆಯ ದಾರಿ. ಆದರೆ ದೊಡ್ಡ ಬಸ್ಸು ಮೊದಲು ಹಲವು ರೆಸಾರ್ಟ್ ಸುತ್ತಿ ಜನರನ್ನು ಹತ್ತಿಸಿಕೊಳ್ಳುತ್ತದೆ. ಸಂಜೆ ಅದೇ ಸುತ್ತು ಇನ್ನೊಮ್ಮೆ. ಮಧ್ಯೆ ಊಟ, ಟಾಯ್ಲೆಟ್‌ಗೆ ನಿಲ್ಲಿಸುವುದು, ಅಂಗಡಿಗೆ ನಿಲ್ಲಿಸುವುದು. ಎಲ್ಲ ಕಳೆದರೆ ಊರಿನಲ್ಲಿ ಕಾಲಿಟ್ಟು ನಡೆಯಲು ಸಿಗುವುದು ನಾಲ್ಕೈದು ಗಂಟೆ. ಅಷ್ಟರಲ್ಲಿ ಗುಹೆ, ಕೊಲಂಬಸ್ ದೀಪಸ್ತಂಭ, ಕೋಟೆ, ಅರಮನೆ, ಕೆಥೆಡ್ರಲ್, ಚಾಕೊಲೇಟ್ ಮ್ಯೂಸಿಯಂ ಎಂದೆಲ್ಲ ತುಂಬಿದರೆ ಯಾವುದೂ ಮನಸ್ಸಿನಲ್ಲಿ ನಿಲ್ಲುವುದಿಲ್ಲ.

ನಿಮ್ಮ ತಂದೆಯವರಿಗೆ ಬೇಕಾಗಿರುವುದು ಜೋನಾ ಕೊಲೊನಿಯಾಲ್ ಎನ್ನುವ ಹಳೇ ಊರು. ಓಸಾಮಾ ನದಿಯ ದಂಡೆಯ ಮೇಲಿದೆ, 1990ರಿಂದ ಯುನೆಸ್ಕೊ ಪಟ್ಟಿಯಲ್ಲಿದೆ. ಕೊಲಂಬಸ್‌ನ ತಮ್ಮ ಬಾರ್ತೊಲೊಮೆ 1496ರಲ್ಲಿ ನದಿಯ ಪೂರ್ವ ದಡದಲ್ಲಿ ಊರು ಕಟ್ಟಿದ. ಬಿರುಗಾಳಿ ಅದನ್ನು ಹಾಳುಮಾಡಿತು. 1502ರಲ್ಲಿ ಗವರ್ನರ್ ನಿಕೊಲಾಸ್ ದೆ ಒವಾಂದೊ ಪಶ್ಚಿಮ ದಡದಲ್ಲಿ ಹೊಸದಾಗಿ ಕಟ್ಟಿಸಿದ. ಬೀದಿಗಳೆಲ್ಲ ನೇರ ಗೆರೆಗಳು. ಅಮೆರಿಕ ಖಂಡದಲ್ಲಿ ಸ್ಪೇನಿನವರು ಆಮೇಲೆ ಕಟ್ಟಿದ ಊರುಗಳಿಗೆ ಇದೇ ಮಾದರಿಯಾಯಿತು.

ನಡೆಯಬೇಕಾದ ಬೀದಿ ಕಾಯೆ ಲಾಸ್ ದಾಮಾಸ್, ಯುರೋಪಿನವರು ಆ ಖಂಡದಲ್ಲಿ ಕಲ್ಲು ಹಾಸಿದ ಮೊದಲ ಬೀದಿ ಎಂದು ಹೆಸರಾದದ್ದು. ಕೊಲಂಬಸ್‌ನ ಮಗ ದಿಯೇಗೊನ ಹೆಂಡತಿ ಮಾರಿಯಾ ದೆ ತೊಲೆದೊ ತನ್ನ ಸಖಿಯರ ಜೊತೆ ಇಲ್ಲಿ ಸಂಜೆ ಅಡ್ಡಾಡುತ್ತಿದ್ದಳಂತೆ. ಒಂದು ತುದಿಯಲ್ಲಿ ಓಸಾಮಾ ಕೋಟೆಯ ಗೋಪುರ. ನಡುವೆ ಪಾಂತಿಯೊನ್: ಜೆಸುಯಿಟ್ ಚರ್ಚಾಗಿ ಕಟ್ಟಿದ್ದನ್ನು ಸರ್ವಾಧಿಕಾರಿ ತ್ರುಹಿಯೊ ರಾಷ್ಟ್ರೀಯ ಸಮಾಧಿ ಮಂದಿರ ಮಾಡಿಸಿದ, ಬಾಗಿಲಲ್ಲಿ ಕಾವಲಿನ ಸೈನಿಕ ಅಲುಗಾಡದೆ ನಿಂತಿರುತ್ತಾನೆ. ಆಮೇಲೆ ಕಾಸಾಸ್ ರೆಯಾಲೆಸ್, ಅಂದರೆ 1511ರ ರಾಜ ನ್ಯಾಯಾಲಯ ಕೂರುತ್ತಿದ್ದ ಕಟ್ಟಡ, ಈಗ ಮ್ಯೂಸಿಯಂ. ಇನ್ನೊಂದು ತುದಿಯಲ್ಲಿ ಬಯಲಿನಂಥ ಪ್ಲಾಸಾ ದೆ ಎಸ್ಪಾನ್ಯ, ಅದರ ಅಂಚಿನಲ್ಲಿ ದಿಯೇಗೊನ ಅರಮನೆ ಅಲ್ಕಾಸರ್. ಆ ಅರಮನೆ ಪಾಳುಬಿದ್ದು 1950ರ ದಶಕದಲ್ಲಿ ಜೀರ್ಣೋದ್ಧಾರವಾದದ್ದು, ಒಳಗಿನ ಪೀಠೋಪಕರಣಗಳು ಆ ಕಾಲದ ಶೈಲಿಯವು. ಇದನ್ನು ತಂದೆಯವರಿಗೆ ಮೊದಲೇ ಹೇಳಿಡಿ, ಎಲ್ಲ ಗೈಡುಗಳೂ ಹೇಳುವುದಿಲ್ಲ. ಹಿಂಬದಿಯ ಮೊಗಸಾಲೆಯಿಂದ ನದಿ ಕಾಣುತ್ತದೆ. ಅಲ್ಲಿ ಸುಮ್ಮನೆ ಹತ್ತು ನಿಮಿಷ ನಿಲ್ಲಿ.

ದುಡ್ಡು ಕಟ್ಟುವ ಮುಂಚೆ ವಿಚಾರಿಸಬೇಕಾದದ್ದು: ಗುಂಪಿನಲ್ಲಿ ಎಷ್ಟು ಜನ, ಗೈಡ್ ಎಷ್ಟು ಭಾಷೆಯಲ್ಲಿ ಮಾತಾಡುತ್ತಾರೆ. ನಮ್ಮ ಬಸ್ಸಿನಲ್ಲಿ ಇಂಗ್ಲಿಷ್, ಸ್ಪ್ಯಾನಿಷ್, ಫ್ರೆಂಚ್ ಮೂರರಲ್ಲೂ ಅದನ್ನೇ ಹೇಳುತ್ತಿದ್ದರು. ಅರ್ಧ ಸಮಯ ಬೇರೆಯವರ ಸರದಿ ಮುಗಿಯಲಿ ಎಂದು ಕಾಯುವುದರಲ್ಲೇ ಹೋಯಿತು. ಇಂಗ್ಲಿಷ್ ಒಂದೇ ಇರುವ ಸಣ್ಣ ಗುಂಪಿಗೆ ಹೆಚ್ಚು ದುಡ್ಡಾದರೂ ಕೊಡಿ. ಪ್ರವೇಶ ಶುಲ್ಕ ಸೇರಿದೆಯೋ ಇಲ್ಲವೋ, ಅಲ್ಕಾಸರ್ ಒಳಗೆ ಹೋಗುತ್ತಾರೋ ಹೊರಗೆ ಫೋಟೊ ಮಾತ್ರವೋ, ಅದನ್ನೂ ಬರಹದಲ್ಲಿ ಕೇಳಿ. ಸೋಮವಾರ ಮಾತ್ರ ಬೇಡ, ಮ್ಯೂಸಿಯಂಗಳಿಗೆ ಅಂದು ರಜೆ.

ಡಲ್ಲಾಸ್‌ನಿಂದ, ಮೂಲ ಧಾರವಾಡ

ನಮ್ಮ ಅವ್ವಗೂ ಮೊಣಕಾಲು ಬ್ಯಾನಿ ಅದರಿ, ಅದಕ್ಕ ಹೇಳಾಕತ್ತೇನಿ. ತ್ರೆಸ್ ಓಹೋಸ್ ಗುಹೆ ಪಟ್ಟಿಯೊಳಗ ಇದ್ರ ಮೊದಲ ವಿಚಾರ ಮಾಡ್ರಿ. ಜಾಗಾ ಭಾಳ ಛಲೋ ಅದ, ಅದರಾಗ ಎರಡು ಮಾತಿಲ್ಲ. ಸುಣ್ಣಕಲ್ಲಿನ ಗುಹೆ ಚಾವಣಿ ಕುಸಿದು ಆಗಿದ್ದು, ತಳದಾಗ ತಿಳಿ ನೀರಿನ ಕೆರಿ, ಮ್ಯಾಲಿಂದ ಬೇರು ಜೋತು ಬಿದ್ದಿರತಾವ. ಆದ್ರ ಮೆಟ್ಟಲ ಭಾಳ, ಹಸಿ ಕಲ್ಲು, ಇಳಿದಷ್ಟ ಮತ್ತ ಹತ್ತಬೇಕು. ನಾಕನೇ ಕೆರಿ ನೋಡಬೇಕಂದ್ರ ಹಗ್ಗ ಜಗ್ಗೋ ತೆಪ್ಪದಾಗ ದಾಟಬೇಕು, ಅದಕ್ಕ ಬ್ಯಾರೆ ರೊಕ್ಕ. ಅವ್ವ ಮ್ಯಾಲೆ ನೆಳ್ಳಾಗ ಕುಂತಳು, ನಾವು ಇಳದು ಬಂದ್ವಿ. ಕುಂದ್ರಾಕ ಜಾಗಾ ಅದ, ಚಿಂತಿ ಇಲ್ಲ.

ನಾವು ಮಂದಿ ಕೂಡಿ ಖಾಸಗಿ ವ್ಯಾನ್ ಮಾಡಿದ್ವಿ. ಹಿರಿಯರು ಇದ್ದಾಗ ಅದ ಅನುಕೂಲ ನೋಡ್ರಿ. ದಣಿದ್ರ ನಿಂದರಬಹುದು, ಅಂಗಡಿ ಬ್ಯಾಡಂದ್ರ ಬಿಡಬಹುದು. ಹಳೇ ಊರಾಗ ನೆಲ ಸಪಾಟ ಅದ, ಆದ್ರ ಹಾಸುಗಲ್ಲು ಏರುಪೇರು. ಅವ್ವಗ ಚಪ್ಪಲಿ ಬ್ಯಾಡ, ಶೂ ಹಾಕಸ್ರಿ.

ಪ್ರಶ್ನೆ ಕೇಳಿದವರು

ತುಂಬ ಉಪಕಾರವಾಯಿತು ಇಬ್ಬರಿಗೂ. ಗುಹೆಗೆ ಅಮ್ಮನನ್ನು ಇಳಿಸುವುದಿಲ್ಲ. ಅಪ್ಪನ ಪ್ರಶ್ನೆ ಇನ್ನೊಂದಿದೆ: ಕೊಲಂಬಸ್‌ನ ಸಮಾಧಿ ಅಲ್ಲೇ ಇದೆಯಂತೆ, ಸ್ಪೇನಿನಲ್ಲೂ ಇದೆಯಂತೆ. ಯಾವುದು ನಿಜ? ನೋಡಲು ಸಮಯ ಕೊಡಬಹುದೇ?

ಟೊರಾಂಟೊದಿಂದ

ಅಂಕಲ್‌ಗೆ ಈ ಕಥೆ ಇಷ್ಟವಾಗುತ್ತದೆ. ಕೊಲಂಬಸ್ ಸತ್ತದ್ದು 1506ರಲ್ಲಿ ಸ್ಪೇನಿನಲ್ಲಿ. ಮುಂದೆ ಸೊಸೆ ಮಾರಿಯಾ ದೆ ತೊಲೆದೊ ಅವನ ಅಸ್ಥಿಯನ್ನು ಸಾಂಟೊ ಡೊಮಿಂಗೊ ಕೆಥೆಡ್ರಲ್‌ಗೆ ತರಿಸಿದಳು. 1795ರಲ್ಲಿ ದ್ವೀಪದ ಈ ಭಾಗವನ್ನು ಫ್ರಾನ್ಸಿಗೆ ಬಿಟ್ಟುಕೊಡಬೇಕಾದಾಗ ಸ್ಪೇನಿನವರು ಅಸ್ಥಿಯನ್ನು ಹವಾನಾಕ್ಕೆ ಒಯ್ದರು, ಕ್ಯೂಬಾ ಕೈತಪ್ಪಿದ ಮೇಲೆ ಸೆವಿಲ್ಲೆಗೆ. ಆದರೆ 1877ರಲ್ಲಿ ಸಾಂಟೊ ಡೊಮಿಂಗೊ ಕೆಥೆಡ್ರಲ್‌ನಲ್ಲಿ ಕೆಲಸ ಮಾಡುತ್ತಿದ್ದವರಿಗೆ ಕೊಲಂಬಸ್ ಹೆಸರು ಕೊರೆದ ಸೀಸದ ಪೆಟ್ಟಿಗೆಯೊಂದು ಸಿಕ್ಕಿತು. ಹಿಂದೆ ಒಯ್ದದ್ದು ಬೇರೆಯವರ ಅಸ್ಥಿ, ನಿಜವಾದದ್ದು ನಮ್ಮಲ್ಲೇ ಉಳಿದಿದೆ ಎನ್ನುವುದು ಡೊಮಿನಿಕನ್ನರ ವಾದ. ಸೆವಿಲ್ಲೆಯ ಮೂಳೆ ಚೂರುಗಳ ಡಿಎನ್‌ಎ ಕೊಲಂಬಸ್‌ನ ತಮ್ಮನ ಜೊತೆ ಹೊಂದುತ್ತದೆ ಎಂದು 2006ರಲ್ಲಿ ವಿಜ್ಞಾನಿಗಳು ಹೇಳಿದರು. ಇಲ್ಲಿನ ಪೆಟ್ಟಿಗೆಯನ್ನು ಅಂಥ ಪರೀಕ್ಷೆಗೆ ಕೊಡಲು ಡೊಮಿನಿಕನ್ನರು ಒಪ್ಪಿಲ್ಲ. ಮೂಳೆಗಳು ಎರಡು ಪಾಲಾಗಿ ಎರಡೂ ಕಡೆ ಇರಬಹುದು ಎನ್ನುವವರೂ ಇದ್ದಾರೆ.

ಆ ಪೆಟ್ಟಿಗೆ ಈಗ ಕೆಥೆಡ್ರಲ್‌ನಲ್ಲಿಲ್ಲ. 1992ರಲ್ಲಿ, ಕೊಲಂಬಸ್ ಬಂದು 500 ವರ್ಷವಾದಾಗ, ನದಿಯಾಚೆ ಶಿಲುಬೆಯಾಕಾರದಲ್ಲಿ ಕಟ್ಟಿದ ಫಾರೊ ಆ ಕೊಲೊನ್‌ಗೆ, ಅಂದರೆ ಮೇಲೆ ಹೇಳಿದ ಕೊಲಂಬಸ್ ದೀಪಸ್ತಂಭಕ್ಕೆ, ಸಾಗಿಸಿದರು. 200 ಮೀಟರಿಗೂ ಉದ್ದದ ಕಾಂಕ್ರೀಟ್ ಕಟ್ಟಡ. ಕಟ್ಟುವಾಗ ಅಲ್ಲಿದ್ದ ಬಡವರ ಮನೆಗಳನ್ನು ಎಬ್ಬಿಸಿದ್ದರು. ನನಗೆ ಆ ಕಟ್ಟಡ ನೋಡಿ ಸಂತೋಷವೇನೂ ಆಗಲಿಲ್ಲ. ಬಸ್ಸು ಅದರ ಪಕ್ಕದಲ್ಲೇ ಹೋಗುತ್ತದೆ, ಕಿಟಕಿಯಿಂದ ನೋಡಿದರೆ ಸಾಕು. ಉಳಿದ ಆ ಮುಕ್ಕಾಲು ಗಂಟೆಯನ್ನು ಕೆಥೆಡ್ರಲ್‌ಗೆ ಕೊಡಿ. ಹವಳಗಲ್ಲಿನ ಗೋಡೆ, 1540ರ ಹೊತ್ತಿಗೆ ಮುಗಿದದ್ದು, ಒಳಗೆ ಗಾಥಿಕ್ ಕಮಾನು, ಪಶ್ಚಿಮ ಬಾಗಿಲಿನಲ್ಲಿ ನವೋದಯ ಕಾಲದ ಕೆತ್ತನೆ. 1586ರಲ್ಲಿ ಇಂಗ್ಲೆಂಡಿನ ಫ್ರಾನ್ಸಿಸ್ ಡ್ರೇಕ್ ಊರನ್ನು ಲೂಟಿ ಮಾಡಿ, 25,000 ಡುಕಾಟ್ ಕಪ್ಪ ಪಡೆದ ಮೇಲೆಯೇ ಜಾಗ ಖಾಲಿ ಮಾಡಿದ್ದು. ಅಷ್ಟು ದಿನ ಅವನು ಬೀಡುಬಿಟ್ಟಿದ್ದು ಈ ಕೆಥೆಡ್ರಲ್‌ನಲ್ಲೇ.

ಕೆಲಸದ ಮೇಲೆ ಸಾಂಟೊ ಡೊಮಿಂಗೊದಲ್ಲಿ ಇದ್ದವರು

ಮೇಲೆ ಬರೆದವರೆಲ್ಲ ಸರಿಯಾಗಿಯೇ ಹೇಳಿದ್ದಾರೆ. ಆದರೂ ಒಂದು ವಿಷಯ ನನಗೆ ಬಿಡಲಾಗುತ್ತಿಲ್ಲ. ಬಸ್ ಟೂರಿನ ಗೈಡ್ ಹೆಚ್ಚಾಗಿ ಮೊದಲನೆಯದರ ಪಟ್ಟಿ ಕೊಡುತ್ತಾರೆ: ಮೊದಲ ಕೆಥೆಡ್ರಲ್, ಮೊದಲ ಆಸ್ಪತ್ರೆ, ಮೊದಲ ವಿಶ್ವವಿದ್ಯಾಲಯ. ಇದು ಯಾರ ಲೆಕ್ಕದಲ್ಲಿ ಮೊದಲು? ಆ ದ್ವೀಪದಲ್ಲಿ ಟೈನೊ ಜನ ಆಗಲೇ ಊರು ಕಟ್ಟಿಕೊಂಡು, ಮರಗೆಣಸು ಬೆಳೆದುಕೊಂಡು ಬಾಳುತ್ತಿದ್ದರು. ಕೊಲಂಬಸ್ ಬಂದು 50 ವರ್ಷ ಕಳೆಯುವುದರೊಳಗೆ ಚಿನ್ನದ ಗಣಿಯ ದುಡಿತ, ಹಿಂಸೆ, ಸಿಡುಬಿನಂಥ ರೋಗಗಳಿಂದ ಅವರ ಸಮಾಜ ಬಹುಮಟ್ಟಿಗೆ ನಾಶವಾಯಿತು.

ಕೆಥೆಡ್ರಲ್ ಮುಂದಿನ ಕೊಲಂಬಸ್ ಚೌಕದಲ್ಲಿ ಅವನ ಕಂಚಿನ ಪ್ರತಿಮೆ ಇದೆ. ಪೀಠದ ಮೇಲೆ ಒಬ್ಬ ಟೈನೊ ಹೆಂಗಸು ಹತ್ತಿ ಅವನ ಹೆಸರು ಬರೆಯುವಂತೆ ಮಾಡಿದ್ದಾರೆ. ಆಕೆ ಅನಕಾವೊನಾ ಎನ್ನುತ್ತಾರೆ, ಹರಾಗುವಾ ಸೀಮೆಯ ನಾಯಕಿ. ಆಕೆ ಸ್ಪೇನಿನವರನ್ನು ಸತ್ಕಾರ ಮಾಡಿ ಬರಮಾಡಿಕೊಂಡಳು. ಅವರು ಅವಳ ಜೊತೆಯ ನಾಯಕರನ್ನು ಮನೆಯಲ್ಲಿ ಕೂಡಿ ಬೆಂಕಿ ಹಚ್ಚಿದರು, ಅವಳನ್ನು ಗಲ್ಲಿಗೇರಿಸಿದರು. ಹಾಗೆ ಮಾಡಿಸಿದವನು ಒವಾಂದೊ. ಅವನ ಪ್ರತಿಮೆ ಪ್ಲಾಸಾ ದೆ ಎಸ್ಪಾನ್ಯದಲ್ಲಿ ನಿಂತಿದೆ. ಎರಡನ್ನೂ ನೋಡುವಾಗ ಇದು ನೆನಪಿರಲಿ.

1511ರ ಡಿಸೆಂಬರ್‌ನಲ್ಲಿ ಇದೇ ಊರಿನಲ್ಲಿ ಅಂತೋನಿಯೊ ದೆ ಮೊಂತೆಸಿನೋಸ್ ಎಂಬ ಪಾದ್ರಿ ದಿಯೇಗೊ ಕೊಲಂಬಸ್ ಮತ್ತು ಊರಿನ ಗಣ್ಯರ ಎದುರು ನಿಂತು, ಈ ಜನರನ್ನು ಯಾವ ಹಕ್ಕಿನಿಂದ ಹೀಗೆ ದುಡಿಸುತ್ತಿದ್ದೀರಿ, ಇವರು ಮನುಷ್ಯರಲ್ಲವೇ ಎಂದು ಕೇಳಿದ. ಅವನ ದೊಡ್ಡ ಪ್ರತಿಮೆ ಕಡಲ ದಂಡೆಯ ಮಾಲೆಕೊನ್ ರಸ್ತೆಯಲ್ಲಿದೆ, ಕೈಯನ್ನು ಬಾಯಿಯ ಹತ್ತಿರ ಇಟ್ಟು ಸಮುದ್ರದ ಕಡೆ ಕೂಗಿ ಹೇಳುವಂತೆ. ಮೆಕ್ಸಿಕೊ ಸರ್ಕಾರ ಕೊಟ್ಟ ಕೊಡುಗೆ ಅದು. ಪಟ್ಟಿಯಲ್ಲಿ ಇರದಿದ್ದರೂ ಕೇಳಿದರೆ ಎಷ್ಟೋ ಚಾಲಕರು ಆ ರಸ್ತೆಯಲ್ಲೇ ಕರೆದೊಯ್ಯುತ್ತಾರೆ. ಟೈನೊ ಜನ ಅಳಿದ ಮೇಲೆ ಕಬ್ಬಿನ ಗದ್ದೆಗಳಿಗೆ ಆಫ್ರಿಕಾದಿಂದ ಗುಲಾಮರನ್ನು ತಂದರು. 1521ರ ಕೊನೆಯಲ್ಲಿ ದಿಯೇಗೊನ ತೋಟದಲ್ಲೇ ಅವರು ದಂಗೆ ಎದ್ದರು. ಆ ಚೆಂದದ ಅರಮನೆಗೆ ದುಡ್ಡು ಎಲ್ಲಿಂದ ಬರುತ್ತಿತ್ತು ಎಂದು ಗೈಡನ್ನು ಕೇಳಲಿ ನಿಮ್ಮ ತಂದೆ. ಅಲ್ಲಿನ ಗೈಡುಗಳಲ್ಲಿ ಬಹಳ ಜನ ಇದನ್ನೆಲ್ಲ ಬಲ್ಲವರು, ಕೇಳುವವರಿದ್ದರೆ ಮನಸ್ಸು ಬಿಚ್ಚಿ ಹೇಳುತ್ತಾರೆ. ಹಾಗೆ ಕೇಳಿದ ದಿನ ಟೂರೇ ಬೇರೆಯಾಗುತ್ತದೆ.

ಆಟ್ಲಾಂಟಾದಿಂದ

ಊಟದ ಬಗ್ಗೆ ನಾನು ಹೇಳುತ್ತೇನೆ ಅಕ್ಕ, ನಾವೂ ಶುದ್ಧ ಸಸ್ಯಾಹಾರಿಗಳು. ಟೂರಿನ ಊಟ ಸಾಮಾನ್ಯವಾಗಿ ಬಫೆ. ಅನ್ನ, ಕಾಳಿನ ಗಟ್ಟಿ ಸಾರು, ಕರಿದ ಬಾಳೆಕಾಯಿ ಬಿಲ್ಲೆ ತೊಸ್ತೋನೆಸ್, ಬೇಯಿಸಿದ ಮರಗೆಣಸು, ಬೆಣ್ಣೆಹಣ್ಣು, ಸಲಾಡ್ ಸಿಗುತ್ತವೆ. ಮೊರೊ ದೆ ಗುವಾಂದುಲೆಸ್ ಅಂತ ಇರುತ್ತದೆ, ಅದು ನಮ್ಮ ಹಸಿ ತೊಗರಿಕಾಳು ಹಾಕಿದ ಅನ್ನವೇ. ಇಂಡಿಯಾದಿಂದ ಆಫ್ರಿಕಾಕ್ಕೆ ಹೋಗಿ, ಅಲ್ಲಿಂದ ಗುಲಾಮರ ಹಡಗುಗಳ ಕಾಲದಲ್ಲಿ ಕೆರಿಬಿಯನ್ ತಲುಪಿದ ಬೆಳೆ. ನಮ್ಮತ್ತೆ ಅದನ್ನು ನೋಡಿ ತುಂಬ ಖುಷಿಪಟ್ಟರು.

ಆದರೆ ಅನ್ನಕ್ಕೂ ಕಾಳಿಗೂ ಮಾಂಸದ ಸಾರೋ ಹಂದಿಯ ತುಣುಕೋ ಬೀಳುವುದುಂಟು. "ಸಿನ್ ಕಾರ್ನೆ" ಅಂದರೆ ಸಾಲದು, ಕೋಳಿ ಮೀನು ಪರವಾಗಿಲ್ಲ ಅಂದುಕೊಳ್ಳುತ್ತಾರೆ. "ಸಿನ್ ಕಾರ್ನೆ, ಸಿನ್ ಪೊಯೊ, ಸಿನ್ ಹಮೋನ್, ಸಿನ್ ಪೆಸ್ಕಾದೊ, ಸಿನ್ ವೇವೊ, ಸಿನ್ ಕಾಲ್ದೊ" ಎಂದು ಫೋನಿನಲ್ಲಿ ಸ್ಪ್ಯಾನಿಷ್‌ನಲ್ಲಿ ಬರೆದಿಟ್ಟುಕೊಂಡು ತೋರಿಸಿ: ಮಾಂಸ, ಕೋಳಿ, ಹಂದಿ, ಮೀನು, ಮೊಟ್ಟೆ, ಮಾಂಸದ ಸಾರು ಯಾವುದೂ ಬೇಡ ಅಂತ. ಬುಕ್ ಮಾಡುವಾಗಲೂ ತಿಳಿಸಿ. ಹಿರಿಯರಿಗೆ ಅನುಮಾನದ ಊಟ ಬೇಡವೆಂದರೆ ಚಪಾತಿ, ಚಟ್ನಿಪುಡಿ ಕಟ್ಟಿಕೊಳ್ಳಿ. ಬೆಳಿಗ್ಗೆ ರೆಸಾರ್ಟ್ ತಿಂಡಿ ಶುರುವಾಗುವ ಮುಂಚೆಯೇ ಬಸ್ಸು ಬರಬಹುದು, ಹಿಂದಿನ ರಾತ್ರಿಯೇ ಹಣ್ಣು ಬ್ರೆಡ್ಡು ಎತ್ತಿಡಿ.

ನ್ಯೂಜೆರ್ಸಿಯಿಂದ ಮತ್ತೆ

ಬಿಟ್ಟುಹೋದದ್ದು. ಕೆಥೆಡ್ರಲ್ ಮತ್ತು ಪಾಂತಿಯೊನ್ ಒಳಗೆ ತುಂಡು ಚಡ್ಡಿ, ತೋಳಿಲ್ಲದ ಅಂಗಿಗೆ ಬಿಡುವುದಿಲ್ಲ. ಮಗನಿಗೆ ಪ್ಯಾಂಟ್ ಹಾಕಿ, ನೀವು ಒಂದು ದುಪಟ್ಟಾ ಇಟ್ಟುಕೊಳ್ಳಿ. ಭಾನುವಾರ ಪೂಜೆಯ ಹೊತ್ತಿಗೆ ಪ್ರವಾಸಿಗಳನ್ನು ತಡೆಯುತ್ತಾರೆ. ದೇಶದೊಳಗೆ ಹೋಗಲು, ಹೊರಬರಲು ಇ-ಟಿಕೆಟ್ ಅರ್ಜಿಯನ್ನು ಆನ್‌ಲೈನ್‌ನಲ್ಲಿ ಮೊದಲೇ ತುಂಬಬೇಕು, ಕ್ಯೂಆರ್ ಕೋಡ್ ಸೇವ್ ಮಾಡಿಟ್ಟುಕೊಳ್ಳಿ. ತಂದೆತಾಯಿಯ ಅಮೆರಿಕ ವೀಸಾ ಮಲ್ಟಿಪಲ್ ಎಂಟ್ರಿ ಇದೆಯೇ ನೋಡಿ, ಇಲ್ಲದಿದ್ದರೆ ವಾಪಸ್ ಬರುವುದು ಕಷ್ಟ.

ಅಂಗಡಿಯಲ್ಲಿ ನಿಲ್ಲಿಸಿದಾಗ ಲಾರಿಮಾರ್ ಎಂಬ ತಿಳಿನೀಲಿ ಕಲ್ಲು ತೋರಿಸುತ್ತಾರೆ. ಅದು ಸಿಗುವುದು ಆ ದೇಶದಲ್ಲಿ ಮಾತ್ರ, ನಿಜವೇ. ಆದರೆ ಗುಂಪನ್ನು ಕರೆದೊಯ್ಯುವ ಅಂಗಡಿಯ ಬೆಲೆ ಹೆಚ್ಚು. ಬೇಕಿದ್ದರೆ ಎಲ್ ಕೊಂದೆ ಬೀದಿಯಲ್ಲಿ ವಿಚಾರಿಸಿ ಕೊಳ್ಳಿ. ಆ ಬೀದಿಯಲ್ಲಿ ವಾಹನವಿಲ್ಲ, ಮಧ್ಯೆ ಮಧ್ಯೆ ಬೆಂಚುಗಳಿವೆ, ಅಮ್ಮನಿಗೆ ಕೂರಲು ಆಗುತ್ತದೆ.

ಡಲ್ಲಾಸ್‌ನಿಂದ

ಎಲ್ ಕೊಂದೆ ಅಂದ ಕೂಡ್ಲೆ ನೆನಪಾತು. ಆ ಬೀದಿ ಮುಗಿಯೋ ಕಡೆ ಹಳೇ ಊರಬಾಗಿಲ ಅದ, ಪುಯೆರ್ತಾ ದೆಲ್ ಕೊಂದೆ. 1844ರ ಫೆಬ್ರವರಿ 27ಕ್ಕ ಹೈಟಿಯ ಆಳ್ವಿಕಿಯಿಂದ ಸ್ವಾತಂತ್ರ್ಯ ಘೋಷಣಾ ಆದದ್ದು ಅಲ್ಲೇ. ಹಿಂದಿನ ತೋಟದಾಗ ಸ್ವಾತಂತ್ರ್ಯದ ಮುಂದಾಳುಗಳಾದ ದುವಾರ್ತೆ, ಸಾಂಚೆಸ್, ಮೆಯ್ಯ ಮೂವರದೂ ಸಮಾಧಿ ಅವ. ದೊಡ್ಡ ಬಸ್ಸಿನವರು ಅಲ್ಲಿತನಕಾ ಬರಂಗಿಲ್ಲ, ಕೆಥೆಡ್ರಲ್ ಕಡೆಯಿಂದಲೇ ತಿರುಗತಾರ. ಬಿಡುವಿನ ವ್ಯಾಳ್ಯಾ ಕೊಟ್ಟಾಗ ಅಪ್ಪಾರನ್ನ ಕರಕೊಂಡು ನೀವ ಹೋಗ್ರಿ, ಅವ್ವಾರು ಮೊಮ್ಮಗನ ಜೋಡಿ ಕೊಲಂಬಸ್ ಚೌಕದಾಗ ನೆಳ್ಳಿಗೆ ಕುಂದ್ರಲಿ. ಸಾವಕಾಶ ನಡೆದ್ರ ಹೋಗಾಕ ಕಾಲು ಗಂಟಿ, ಬರಾಕ ಕಾಲು ಗಂಟಿ. ಬಸ್ಸು ಎಲ್ಲಿ ನಿಂದರತದ, ಎಷ್ಟಕ್ಕ ಬಿಡತದ ಅಂತ ಗೈಡನ ಕಡೆ ಕೇಳಿ ಹೊರಡ್ರಿ.