ಅನುಭವ ಹಂಚಿಕೆ: ಟ್ಯೂಬ್ ಊಟ, ಫಿಟ್ಸ್ ಇರುವ ಮಗು. ಊರಲ್ಲೇ ಇರುವುದಾ, ಮಂಗಳೂರಿಗೆ ಬರುವುದಾ?

ಬೈಂದೂರಿನಿಂದ ಪ್ರಶ್ನೆ: ಮಗಳಿಗೆ 3 ವರ್ಷ. ಸೆರೆಬ್ರಲ್ ಪಾಲ್ಸಿ (ಮೆದುಳಿನ ತೊಂದರೆಯಿಂದ ಕೈಕಾಲು ಹತೋಟಿಗೆ ಬರುವುದಿಲ್ಲ), ಜೊತೆಗೆ ಫಿಟ್ಸ್. ಮೂಗಿನ ಟ್ಯೂಬ್‌ನಲ್ಲೇ ಊಟ. ಹೊಟ್ಟೆಗೇ ಟ್ಯೂಬ್ ಹಾಕಿಸಿ ಎನ್ನುತ್ತಿದ್ದಾರೆ ಡಾಕ್ಟರು. ಗಂಡ ದುಬೈಯಲ್ಲಿ, ಮನೆಯಲ್ಲಿ ನಾನು, ಅತ್ತೆ ಇಬ್ಬರೇ. ಮಂಗಳೂರಿನಲ್ಲಿ ಬಾಡಿಗೆ ಮನೆ ಮಾಡುವುದಾ? ಅನುಭವ ಇದ್ದವರು ದಯವಿಟ್ಟು ಹೇಳಿ.

ಸುರತ್ಕಲ್ ಅಮ್ಮ: ಬನ್ನಿ ಅಕ್ಕ, ಯೋಚನೆ ಮಾಡ್ತಾ ಕೂರಬೇಡಿ. ನಾವು ಕೊಲ್ಲೂರು ಕಡೆಯವರು. ಬಾಡಿಗೆ 11,000, ಅಡ್ವಾನ್ಸ್ 60,000. ಮಗನ ಹೊಟ್ಟೆಯ ಟ್ಯೂಬಿಗೆ ಆಪರೇಷನ್, ಬೆಡ್, ಔಷಧಿ ಎಲ್ಲ ಸೇರಿ 72,000. ಕಫ ಎಳೆದು ತೆಗೆಯುವ, ಬ್ಯಾಟರಿ ಇರುವ ಸಕ್ಷನ್ ಮೆಷಿನ್ 19,500. ಸ್ವಲ್ಪ ದಿನದಲ್ಲೇ ತೂತಿನ ಸುತ್ತ ಕೆಂಪಾಗಿ ಹಾಲು ಸೋರಲು ಶುರುವಾಯಿತು. ಒಂದು ರಾತ್ರಿ ಟ್ಯೂಬೇ ಹೊರಗೆ ಬಂತು. ಹಾಗೆ ಬಿಟ್ಟರೆ ಕೆಲವೇ ಗಂಟೆಗಳಲ್ಲಿ ತೂತು ಮುಚ್ಚಿಕೊಳ್ಳುತ್ತದೆ. ಆಸ್ಪತ್ರೆ ಹತ್ತಿರ ಇದ್ದುದಕ್ಕೆ ಬೇಗ ಬೇರೆ ಹಾಕಿಸಿದೆವು, ಊರಲ್ಲಿದ್ದಿದ್ದರೆ ಮತ್ತೆ ಆಪರೇಷನ್ನೇ. ನಾನು ಕೆಲಸವನ್ನೂ ಬಿಟ್ಟೆ. ಮಗು ಮೊದಲು ಅಲ್ವಾ?

ಕುಂದಾಪುರದ ಅಪ್ಪ: ನಾವು ಪೇಟೆಯಲ್ಲಿ ಮನೆ ಮಾಡಿ ವಾಪಸ್ ಬಂದವರು. ಅಲ್ಲಿ ಹೆಂಡತಿಗೆ ಜ್ವರ ಬಂದರೆ ಮಗಳಿಗೆ ಊಟ ಹಾಕಲು ಒಬ್ಬರೂ ಇರಲಿಲ್ಲ. ಇಲ್ಲಿ ನನ್ನ ತಮ್ಮ, ಅಕ್ಕ, ಪಕ್ಕದ ಮನೆ ಹುಡುಗಿ, ಮೂವರಿಗೂ ಟ್ಯೂಬ್ ಊಟ ಕೊಡಲು ಬರುತ್ತದೆ. ಅಡುಗೆಮನೆ ಗೋಡೆಯಲ್ಲಿ ಕನ್ನಡದಲ್ಲೇ ಬರೆದು ಅಂಟಿಸಿದ್ದೇನೆ: ಯಾವ ಸಿರಪ್ ಎಷ್ಟು ಎಂ.ಎಲ್., ಫಿಟ್ಸ್ 5 ನಿಮಿಷ ದಾಟಿದರೆ ಡಾಕ್ಟರು ಬರೆದುಕೊಟ್ಟ ಮೂಗಿನ ಸ್ಪ್ರೇ, ತಕ್ಷಣ 108. ಮಳೆಗಾಲದಲ್ಲಿ ಕರೆಂಟ್ ಹೋದರೆ ರಾತ್ರಿಯಿಡೀ ಇಲ್ಲ, ಇನ್ವರ್ಟರ್‌ಗೆ 32,000 ಹಾಕಿದೆ. ಆದರೂ ಆಕ್ಸಿಜನ್ ಮೆಷಿನ್ ಬೆಳಗಿನವರೆಗೆ ಓಡುವುದಿಲ್ಲ, ಸಿಲಿಂಡರ್ ಬೇರೆ ಇಡಲೇಬೇಕು.

ಕದ್ರಿ: "ಮಗು ಮೊದಲು" ಅಂದರೆ ಏನು ಸುರತ್ಕಲ್ ಅಕ್ಕ? ಕೆಲಸಕ್ಕೆ ಹೋಗುವವರಿಗೆ ಮಗು ಆಮೇಲೆಯಾ? ನನ್ನ ಸಂಬಳದಿಂದಲೇ ಮಗನ ಔಷಧಿ ಬರುವುದು. ಹೋಮ್ ನರ್ಸ್‌ಗೆ ತಿಂಗಳಿಗೆ 24,000, ಏಜೆನ್ಸಿಗೆ 5,000 ಬೇರೆ. ಹೆಸರು ಮಾತ್ರ ನರ್ಸ್. ಹೊಸದಾಗಿ ಬಂದವಳು ಮೂಗಿನ ಟ್ಯೂಬಿನ ತುದಿ ಹೊಟ್ಟೆಯಲ್ಲೇ ಉಂಟಾ ಅಂತ ನೋಡದೆ ಹಾಲು ಹಾಕಲು ಹೊರಟಳು. ಶ್ವಾಸಕೋಶಕ್ಕೆ ಹೋಗಿದ್ದರೆ? ರಜೆ ಹಾಕಿ ಪಕ್ಕದಲ್ಲಿ ನಿಂತು ಕಲಿಸಿದೆ. ಈಗ ಅವಳಷ್ಟು ಚೆನ್ನಾಗಿ ನೋಡಿಕೊಳ್ಳುವವರು ಬೇರೆ ಯಾರೂ ಇಲ್ಲ.

ಸುರತ್ಕಲ್ ಅಮ್ಮ: ನಿಮಗೆ ಹೇಳಿದ್ದಲ್ಲ ಮಾರಾಯ್ರೆ. ನನಗೆ 24,000 ಕೊಡುವ ಶಕ್ತಿ ಇರಲಿಲ್ಲ, ಅಷ್ಟೇ.

ಕಾರ್ಕಳದವ: ಇಷ್ಟೆಲ್ಲ ಇಂಗ್ಲಿಷ್ ಮದ್ದು ಯಾಕೆ? ನಮ್ಮ ಸಂಬಂಧಿಕರ ಮಗುವಿಗೆ ಫಿಟ್ಸ್ ಮಾತ್ರೆ ನಿಲ್ಲಿಸಿ ಎಣ್ಣೆ ಹಚ್ಚಿದರು, ಗುಣ ಆಗಿದೆ.

ಕುಂದಾಪುರದ ಅಪ್ಪ: ಇಂಥದ್ದು ಬರೆಯಬೇಡಿ! ನಾನಿಲ್ಲದಾಗ ನೆಂಟರೊಬ್ಬರು ಇದೇ ಮಾತು ಹೇಳಿ ಮಗಳ ಸಿರಪ್ ನಿಲ್ಲಿಸಿದ್ದರು. ಫಿಟ್ಸ್ ನಿಲ್ಲಲೇ ಇಲ್ಲ, ಐಸಿಯು ಬಿಲ್ 1,38,000. ಫಿಟ್ಸ್ ಔಷಧಿ ಒಮ್ಮೆಲೇ ಬಿಟ್ಟರೆ ಜೀವಕ್ಕೇ ಅಪಾಯ. ಎಣ್ಣೆ ಬೇಕಾದರೆ ಹಚ್ಚಿ, ಔಷಧಿ ಮುಟ್ಟಬೇಡಿ.

ಕಾರ್ಕಳದವ: ನನ್ನ ಕಣ್ಣಾರೆ ನೋಡಿದ್ದು ಸುಳ್ಳಾ?

ಉಡುಪಿ: ಜಗಳ ಸಾಕು. ಬೈಂದೂರಿನ ಅಕ್ಕ, ಮಗಳಿಗೆ ಯುಡಿಐಡಿ ಕಾರ್ಡ್ (ಅಂಗವೈಕಲ್ಯದ ಸರ್ಕಾರಿ ಗುರುತಿನ ಚೀಟಿ) ಮಾಡಿಸಿ, ನಿರಾಮಯ ಆರೋಗ್ಯ ವಿಮೆಗೆ ಸೇರಿಸಿ. ವರ್ಷಕ್ಕೆ 1 ಲಕ್ಷದವರೆಗೆ ಉಂಟು, ಕಾಯಿಲೆ ಮೊದಲೇ ಇದ್ದರೂ ತೆಗೆದುಕೊಳ್ಳುತ್ತಾರೆ. ಆದರೆ ಮೊದಲು ಕೈಯಿಂದ ಕಟ್ಟಬೇಕು, ಪ್ರತಿ ಬಿಲ್ ಜೋಪಾನ. ನನ್ನ ಮಗನಿಗೆ 18 ಆಯಿತು, ಅವನ ಪರವಾಗಿ ಕಾನೂನು ಪ್ರಕಾರ ನಿರ್ಧಾರ ಮಾಡುವ ಗಾರ್ಡಿಯನ್‌ಶಿಪ್‌ಗೆ ಡಿಸಿ ಅವರ ಸಮಿತಿಗೆ ಅರ್ಜಿ ಹಾಕಿದ್ದೇನೆ. ನಿರಾಮಯ, ಗಾರ್ಡಿಯನ್‌ಶಿಪ್ ಎರಡಕ್ಕೂ ಆಧಾರವಾದ ನ್ಯಾಷನಲ್ ಟ್ರಸ್ಟ್ ಕಾಯ್ದೆ 1999ರದ್ದು, ನಮ್ಮವರಲ್ಲಿ ಎಷ್ಟೋ ಜನರಿಗೆ ಗೊತ್ತೇ ಇಲ್ಲ. ತೆರಿಗೆ ಲೆಕ್ಕದಲ್ಲಿ, ಇಂಥ ಮಕ್ಕಳನ್ನು ನೋಡಿಕೊಳ್ಳುವವರಿಗೆ 80ಡಿಡಿ ಎನ್ನುವ ಕಡಿತ ಉಂಟು: ಆದಾಯದಲ್ಲಿ 75,000, ಅಂಗವೈಕಲ್ಯ 80% ಅಥವಾ ಹೆಚ್ಚಿದ್ದರೆ 1,25,000.

ಕದ್ರಿ: ಪೂರ್ತಿ ಹೇಳಿ. ಹೊಸ ತೆರಿಗೆ ಪದ್ಧತಿಯಲ್ಲಿ (ರೆಜೀಮ್) ಆ ಕಡಿತ ಇಲ್ಲ.

ಉಡುಪಿ: ನಾನು ಹಳೆಯದರಲ್ಲೇ ಇದ್ದೇನೆ. ಲೆಕ್ಕ ಹಾಕಿಯೇ ಇದ್ದೇನೆ.

ಕದ್ರಿ: ನೀವಿರಬಹುದು. ಈ ಅಕ್ಕನ ಗಂಡ ದುಬೈಯಲ್ಲಿ, ಆ ಕಡಿತ ತೆರಿಗೆ ಲೆಕ್ಕದಲ್ಲಿ ಭಾರತದ ನಿವಾಸಿ (ರೆಸಿಡೆಂಟ್) ಆದವರಿಗೆ ಮಾತ್ರ. ಅವರಿಗೆ ನಿಮ್ಮ 75,000 ಎಂತ ಉಪಯೋಗ?